ನೆಗ್ಗಿದ ಅರೆಪಾವು

ವಡೋದರಾದ ಫತೇಗಂಜ್‌ನ ಶ್ರೀಜಿ ದರ್ಶನ್ ಸೊಸೈಟಿಯಲ್ಲಿ ರಾಮಕೃಷ್ಣ ಐದು ವರ್ಷ ಸುಖವಾಗಿದ್ದ. ಆರನೆಯ ವರ್ಷ ಅವನ ಮನೆಯ ಮೇಲಿನ ಮಹಡಿಗೆ ವೆಂಕಟಾಚಲ ಬಾಡಿಗೆಗೆ ಬಂದ. ಅಲ್ಲಿಗೆ ಸುಖ ಮುಗಿಯಿತು.

ವೆಂಕಟಾಚಲ ಕೆಟ್ಟವನೇನಲ್ಲ. ತೊಂದರೆ ಇದ್ದದ್ದೇ ಅಲ್ಲಿ. ಕೆಟ್ಟವನಾಗಿದ್ದರೆ ಅವನನ್ನು ಮನಸಾರೆ ಬೈದುಕೊಂಡು ಹಾಯಾಗಿ ಇರಬಹುದಿತ್ತು. ಬ್ಯಾಂಕಿನಲ್ಲಿ ಮ್ಯಾನೇಜರು, ತುಮಕೂರಿನ ಕಡೆಯವನು, ಮೆಟ್ಟಿಲ ಮೇಲೆ ಎದುರಾದರೆ ತಾನೇ ಮೊದಲು ಗೋಡೆಗೆ ಆತುಕೊಂಡು ದಾರಿ ಬಿಡುವವನು. ಹೀಗೆ ದಾರಿ ಬಿಡುವವರ ಮೇಲೆ ಹೊಟ್ಟೆಕಿಚ್ಚು ಪಡುವುದು ಎಷ್ಟು ಕಷ್ಟ ಎಂಬುದು ಪಟ್ಟವರಿಗೇ ಗೊತ್ತು. ರಾಮಕೃಷ್ಣ ಆ ಕಷ್ಟವನ್ನು ಒಂದು ದಿನವೂ ತಪ್ಪಿಸದೆ ಪಡುತ್ತಿದ್ದ.

ಕಾರಣ ಸಾರು. ಸೊಸೈಟಿಯ ಚೇರ್ಮನ್ ಹಸ್ಮುಖ್‌ಭಾಯ್ ಐದು ವರ್ಷಗಳ ಕಾಲ ಪ್ರತಿ ಭಾನುವಾರ ಹನ್ನೊಂದೂವರೆಗೆ, ನೀರಿನ ಟ್ಯಾಂಕು ನೋಡುವ ನೆಪ ಮಾಡಿಕೊಂಡು, ಎರಡನೆಯ ಮಹಡಿಯಲ್ಲಿದ್ದ ರಾಮಕೃಷ್ಣನ ಮನೆಗೆ ಬರುತ್ತಿದ್ದರು. ರಾಮಕೃಷ್ಣನ ಹೆಂಡತಿ ಇಂದುಮತಿ ಮಾಡಿದ ಸಾರನ್ನು ಸ್ಟೀಲ್ ಲೋಟದಲ್ಲಿ ಊದಿ ಊದಿ ಕುಡಿದು, 'ಬೌ ಸರಸ್', ಬಹಳ ಚೆನ್ನಾಗಿದೆ, ಎಂದು ಹೊಟ್ಟೆ ಸವರಿಕೊಂಡು, ಟ್ಯಾಂಕು ನೋಡದೆಯೇ ಇಳಿದು ಹೋಗುತ್ತಿದ್ದರು. ಬೆಲ್ಲ ಹಾಕದ ಪದಾರ್ಥವನ್ನು ಒಬ್ಬ ಗುಜರಾತಿ ಚೇರ್ಮನ್ ಬಾಯಿ ಚಪ್ಪರಿಸಿ ಕುಡಿಯುವುದೆಂದರೆ ಸಾಮಾನ್ಯವೇ? ರಾಮಕೃಷ್ಣ ಅದನ್ನು ಅಲ್ಕಾಪುರಿಯ ತನ್ನ ಆಫೀಸಿನಲ್ಲಿ ಸೋಮವಾರ ಸೋಮವಾರ ಹೇಳಿಕೊಳ್ಳುತ್ತಿದ್ದ.

ಈಗ ಭಾನುವಾರ ಹನ್ನೊಂದೂವರೆಗೆ ಹಸ್ಮುಖ್‌ಭಾಯ್ ಚಪ್ಪಲಿಯ ಸದ್ದು ಎರಡನೆಯ ಮಹಡಿಯಲ್ಲಿ ನಿಲ್ಲದೆ ಮೂರನೆಯದಕ್ಕೆ ಹತ್ತಿಹೋಗುತ್ತಿತ್ತು. ವೆಂಕಟಾಚಲನ ಹೆಂಡತಿ ರುಕ್ಮಿಣಿಯ ಒಗ್ಗರಣೆ ವಾಸನೆ ಕೆಳಗಿಳಿದು ಬಂದು ಅವರನ್ನು ಕೈಹಿಡಿದು ಕರೆದೊಯ್ಯುತ್ತಿತ್ತು. ರಾಮಕೃಷ್ಣ ಬಾಗಿಲ ಹಿಂದೆ ಉಸಿರು ಬಿಗಿಹಿಡಿದು ನಿಂತು ಆ ಸದ್ದನ್ನು ಎಣಿಸುತ್ತಿದ್ದ.

"ಹೋಗ್ಲಿ ಬಿಡಿ, ಒಂದು ಲೋಟ ಸಾರು ಮಿಕ್ತು" ಎಂದಳು ಇಂದುಮತಿ.

"ಸಾರಿನ ಪ್ರಶ್ನೆ ಅಲ್ಲ ಕಣೆ. ಐದು ವರ್ಷ ಕುಡಿದ ಬಾಯಿ ಅದು. ಒಂದು ನಿಯತ್ತು ಬೇಡ್ವಾ?"

"ಪಪ್ಪಾ, ಯು ಆರ್ ಜೆಲಸ್" ಎಂದಳು ಒಂಬತ್ತನೇ ಕ್ಲಾಸಿನ ಮಗಳು ವರ್ಷಿಣಿ, ಮೊಬೈಲಿನಿಂದ ತಲೆ ಎತ್ತದೆ.

"ನಾನು? ಆ ವೆಂಕಟಾಚಲನ ಮೇಲೆ? ಅವನ ಸಾರು ಹೇಗಿದೆ ಅಂತ ಕೂಡ ನಂಗೆ ಗೊತ್ತಿಲ್ಲ."

ಈ ಮಾತು ಮಾತ್ರ ನಿಜ. ಮೇಲಿನ ಮನೆಯವರು ಮೂರು ಸಲ ಊಟಕ್ಕೆ ಕರೆದಿದ್ದರು. ಮೂರು ಸಲವೂ ರಾಮಕೃಷ್ಣ ಹೊಟ್ಟೆ ಸರಿಯಿಲ್ಲ ಎಂದಿದ್ದ. ಅದೂ ಸುಳ್ಳಲ್ಲ, ಉರಿಯುತ್ತಿತ್ತು.

ಇಂದುಮತಿಗೆ ಮಾತ್ರ ಇದೆಲ್ಲ ತಮಾಷೆ. "ಅವರ ಸಾರು ಅವರಿಗೆ, ನಮ್ಮ ಸಾರು ನಮಗೆ. ನನಗೇನೂ ಹೊಟ್ಟೆಕಿಚ್ಚಿಲ್ಲಪ್ಪ" ಎಂದು ಅವಳು ಕೈ ಒರೆಸಿಕೊಳ್ಳುವಾಗ ಅವಳ ಮುಖದಲ್ಲಿದ್ದ ಶಾಂತಿ ಕಂಡು ರಾಮಕೃಷ್ಣನಿಗೆ ಅವಳ ಮೇಲೂ ಸ್ವಲ್ಪ ಹೊಟ್ಟೆಕಿಚ್ಚಾಗುತ್ತಿತ್ತು.

ಏಪ್ರಿಲ್ ಬಂತು. ಊರಿನಲ್ಲೆಲ್ಲ ಮಸಾಲೆ ಪೆಂಡಾಲುಗಳು ಎದ್ದವು. ಗುಜರಾತಿನವರು ಬೇಸಿಗೆಯಲ್ಲಿ ವರ್ಷಕ್ಕಾಗುವಷ್ಟು ಮೆಣಸಿನಪುಡಿ, ಧನಿಯಾಪುಡಿ ಕುಟ್ಟಿಸಿ ಡಬ್ಬಿ ತುಂಬಿಡುತ್ತಾರೆ. ಇಂದುಮತಿಯೂ ಆಗಲೇ ವರ್ಷದ ಸಾರಿನಪುಡಿ ಮಾಡುವುದು. ಹಳೆಯ ಪುಡಿ ಡಬ್ಬಿಯ ತಳ ಕಂಡಿತ್ತು. ಇದೇ ಹೊತ್ತಿಗೆ ಒಂದು ಸಂಜೆ ಹಸ್ಮುಖ್‌ಭಾಯ್ ಎಲ್ಲರನ್ನೂ ಸೊಸೈಟಿಯ ನಡುವಿನ ಬಯಲು, ಅಂದರೆ ಕಾಮನ್ ಪ್ಲಾಟಿನಲ್ಲಿ ಪ್ಲಾಸ್ಟಿಕ್ ಕುರ್ಚಿಗಳ ಮೇಲೆ ಕೂರಿಸಿ ಒಂದು ಘೋಷಣೆ ಮಾಡಿದರು. ಮೇ ಒಂದು ಗುಜರಾತ್ ದಿನ. ಅವತ್ತು ಸೊಸೈಟಿಯಲ್ಲಿ 'ಅಜ್ಜಿಯ ಅಡುಗೆಮನೆ' ಎಂಬ ಕಾರ್ಯಕ್ರಮ. ಮನೆಮನೆಯ ಹಳೇ ಅಡುಗೆ, ಜೊತೆಗೆ ಆ ಮನೆಯ ಒಂದು ಹಳೇ ಪಾತ್ರೆ, ಎರಡನ್ನೂ ಮೇಜಿನ ಮೇಲಿಡಬೇಕು, ಗೆದ್ದ ಮನೆಗೆ ಬಹುಮಾನ.

"ನಮ್ಮ ವೆಂಕಟಾಚಲಭಾಯ್ ಮನೆಯದು ಮೊದಲ ಮೇಜು" ಎಂದರು ಹಸ್ಮುಖ್‌ಭಾಯ್ ಹಿಂದಿಯಲ್ಲಿ. "ನೀವೆಲ್ಲ ಅವರ ಶೋಕೇಸ್ ನೋಡಬೇಕು. ಹಿತ್ತಾಳೆ ಪಾತ್ರೆಗಳು ಬಂಗಾರದಂಗೆ ಹೊಳೀತವೆ. ನಾಲ್ಕು ತಲೆಮಾರಿನವು."

ಹೆಂಗಸರೆಲ್ಲ ಹಿಂದಕ್ಕೆ ತಿರುಗಿ ವೆಂಕಟಾಚಲನನ್ನು ನೋಡಿದರು. ವೆಂಕಟಾಚಲ ನಾಚಿ ನೆಲ ನೋಡಿದ. ಆ ನಾಚಿಕೆಯನ್ನು ರಾಮಕೃಷ್ಣನಿಂದ ಸಹಿಸಲಾಗಲಿಲ್ಲ. ಯಾರೂ ಕೇಳದಿದ್ದರೂ ಎದ್ದು ನಿಂತ.

"ನಮ್ಮದು ಐದು ತಲೆಮಾರು" ಎಂದ. "ನನ್ನ ಹೆಂಡತಿ ಸಾರಿನಪುಡಿಯನ್ನು ಎಲ್ಲರ ಎದುರಿಗೇ ಮಾಡ್ತಾಳೆ. ಸೂರತ್ತಿನಿಂದ ನಮ್ಮ ತಾಯಿಯವರು ಬರ್ತಾರೆ."

ನಾಲ್ಕಾದ ಮೇಲೆ ಐದು ಬರುತ್ತದೆ ಎಂಬುದು ಬಿಟ್ಟರೆ ಈ ಮಾತಿಗೆ ಅವನ ಹತ್ತಿರ ಬೇರೆ ಆಧಾರ ಇರಲಿಲ್ಲ. ಆದರೆ ಚಪ್ಪಾಳೆ ಬಿತ್ತು. ಎಲ್ಲರಿಗಿಂತ ಜೋರಾಗಿ ತಟ್ಟಿದವನು ವೆಂಕಟಾಚಲ.

"ಐದು ಅಂತ ಯಾರು ಹೇಳಿದ್ದು ನಿಮಗೆ?" ಮನೆಗೆ ಬಂದ ಮೇಲೆ ಇಂದುಮತಿ ಕೇಳಿದಳು.

"ಎಣಿಸಿದೆ. ಅಜ್ಜಿಯ ಅತ್ತೆ, ಅಜ್ಜಿ, ಅಮ್ಮ, ನೀನು, ವರ್ಷಿಣಿ."

"ವರ್ಷಿಣಿಗೆ ನೂಡಲ್ಸ್ ಬೇಯ್ಸೋಕೂ ಬರಲ್ಲ."

"ಬರುತ್ತೆ. ಅದಕ್ಕೆ ಇನ್ನೂ ಟೈಮಿದೆ."

"ಮೇ ಒಂದಕ್ಕೆ ಟೈಮಿಲ್ಲ" ಎಂದು ಇಂದುಮತಿ ಅಟ್ಟದ ಡಬ್ಬಿಯಿಂದ ಬಟ್ಟೆ ಸುತ್ತಿದ್ದ ಒಂದು ಪುಟ್ಟ ಹಿತ್ತಾಳೆ ಪಾತ್ರೆ ತೆಗೆದು ಮೇಜಿನ ಮೇಲಿಟ್ಟಳು. ಅದು ಒಂದು ಕಡೆಗೆ ವಾಲಿಕೊಂಡು ಕೂತಿತು.

ಅದೇ ಗಿರಿಜಮ್ಮನ ಅರೆಪಾವು. ಗಿರಿಜಮ್ಮ ಎಂದರೆ ರಾಮಕೃಷ್ಣನ ತಾಯಿ. ಧನಿಯಾ, ಮೆಣಸಿನಕಾಯಿ ಅಂಗಡಿಯಿಂದ ತೂಕದ ಲೆಕ್ಕದಲ್ಲಿ ಬರುತ್ತವೆ. ಮೆಂತ್ಯ ಮತ್ತು ಕಾಳುಮೆಣಸನ್ನು ಮಾತ್ರ ಈ ಅರೆಪಾವಿನಲ್ಲೇ ಅಳೆಯಬೇಕು. ಬಾಯಿಯ ಮಟ್ಟಕ್ಕೆ ತಲೆ ಸವರಿ ಎರಡೆರಡು, ಅದು ಬಿಟ್ಟರೆ ಮನೆಯಲ್ಲಿ ಬೇರೆ ಬರಹ ಬಾಯಿಪಾಠ ಏನೂ ಇಲ್ಲ. ಹದಿನಾಲ್ಕು ವರ್ಷದ ಹಿಂದೆ ಗಿರಿಜಮ್ಮ ಅದನ್ನು ಹೊಟ್ಟೆಯಲ್ಲಿ ಹುಟ್ಟಿದ ಮಗಳು ಕೃಪಾಗೆ ಕೊಡದೆ ಸೊಸೆಯ ಕೈಗೆ ಕೊಟ್ಟಿದ್ದರು. 'ನಿನ್ನ ಕೈ ಅವಸರದ್ದು, ಅವಳ ಕೈ ತಾಳ್ಮೆಯದು' ಎಂದು ಮಗಳಿಗೆ ಮುಖಕ್ಕೆ ಹೇಳಿದ್ದರು. ಕೃಪಾ ಇವತ್ತಿಗೂ ಅಣ್ಣನ ಮನೆಗೆ ಬಂದರೆ ಮೊದಲು ಆ ಅರೆಪಾವು ಇದೆಯೋ ಕಳೆದಿದೆಯೋ ಎಂದು ವಿಚಾರಿಸಿಯೇ ನೀರು ಕುಡಿಯುತ್ತಿದ್ದಳು. ಇಂದುಮತಿಗೆ ತವರಿನಿಂದ ಬಂದ ಬಳೆಗಿಂತ ಅತ್ತೆ ಕೊಟ್ಟ ಈ ಅರೆಪಾವಿನ ಮೇಲೆ ಹೆಚ್ಚು ಅಭಿಮಾನ.

ರಾಮಕೃಷ್ಣ ಅದನ್ನು ದಿಟ್ಟಿಸಿ ನೋಡಿದ. ಕಪ್ಪಿಟ್ಟಿದೆ. ಪಕ್ಕೆಯಲ್ಲಿ ಹೆಬ್ಬೆರಳು ಮುಳುಗುವಷ್ಟು ನೆಗ್ಗಿದೆ. ನೆಟ್ಟಗೆ ನಿಲ್ಲಲೂ ಆಗದು. ಮೇಲಿನ ಮನೆಯ ಶೋಕೇಸು ಕಣ್ಣಮುಂದೆ ಬಂತು. ಮೊದಲ ಮೇಜಿನ ಮೇಲೆ ವೆಂಕಟಾಚಲನ ಬಂಗಾರದಂಥ ಪಾತ್ರೆಗಳು, ಎರಡನೆಯ ಮೇಜಿನ ಮೇಲೆ ತನ್ನ ಈ ಕುಂಟ.

"ಇದನ್ನ ನಾನು ತಿಕ್ಕಿಸಿ ತರ್ತೀನಿ. ಅವತ್ತು ಎಲ್ಲರ ಎದುರಿಗೆ ನಾನೇ ನಿನ್ನ ಕೈಗೆ ಕೊಡ್ತೀನಿ."

"ಹುಣಸೆಹಣ್ಣು ಹಾಕಿ ತಿಕ್ಕಿ ಸಾಕು" ಎಂದಳು ಇಂದುಮತಿ. ಹುಣಸೆಹಣ್ಣಿನವರೆಗೆ ಅವಳು ಗಂಡನನ್ನು ನಂಬಿದಳು.

ಇಲ್ಲಿ ರಾಮಕೃಷ್ಣನ ಉದ್ಯೋಗ ಏನೆಂದು ಹೇಳಲೇಬೇಕು. ಅವನು ವಿಮೆ ಆಫೀಸಿನಲ್ಲಿ ಕಾರುಗಳ ಕ್ಲೇಮು ನೋಡುವವನು. ಇಪ್ಪತ್ತೆರಡು ವರ್ಷಗಳಿಂದ ಜಜ್ಜಿದ ಬಾನೆಟ್ಟು, ನೆಗ್ಗಿದ ಬಾಗಿಲುಗಳ ಫೋಟೋ ನೋಡಿ ನೋಡಿ, ನೆಗ್ಗು ಎಲ್ಲಿ ಕಂಡರೂ ಕೈ ತಾನಾಗಿ ಪೆನ್ನು ಹುಡುಕುವಷ್ಟು ಅಭ್ಯಾಸವಾಗಿತ್ತು. ನೆಗ್ಗು ಇದ್ದರೆ ತೆಗೆಸಬೇಕು. ಅದು ಅವನ ಧರ್ಮ. ಹೀಗಾಗಿ ಹಿತ್ತಾಳೆ ಪಾತ್ರೆಯವರ ಬೀದಿಗೆ ಹೋಗಬೇಕಾದವನು ಸೀದಾ ತನಗೆ ಗೊತ್ತಿದ್ದ ಇಸ್ಮಾಯಿಲ್‌ಭಾಯ್ ಗ್ಯಾರೇಜಿಗೆ ಹೋದ.

ಇಸ್ಮಾಯಿಲ್‌ಭಾಯ್ ಅರೆಪಾವನ್ನು ಬೆಳಕಿಗೆ ಹಿಡಿದು ತಿರುಗಿಸಿ ನೋಡಿದರು.

"ಸಾಹೇಬ್ರೇ, ಇದು ಯಾವ ಗಾಡಿಯ ಪಾರ್ಟು?"

"ಮನೆಯದು. ಐದು ತಲೆಮಾರಿನದು. ಗೀರು ಬೀಳಬಾರದು."

ಇಸ್ಮಾಯಿಲ್‌ಭಾಯ್ ಕೆಲಸದಲ್ಲಿ ಹುಲಿ. ಮರದ ಸುತ್ತಿಗೆಯಿಂದ ಒಳಗಿನಿಂದ ಟಪ್ ಟಪ್ ಎಂದು ಅರ್ಧ ಗಂಟೆ ತಟ್ಟಿ, ಬಫಿಂಗ್ ಚಕ್ರಕ್ಕೆ ಕೊಟ್ಟು, ಕೊನೆಗೆ ಕಾರಿಗೆ ಹಚ್ಚುವ ಮೇಣವನ್ನು ಹೊರಗಡೆ ಮಾತ್ರ ಹಚ್ಚಿ ಒರೆಸಿ ಕೊಟ್ಟರು. ಅರೆಪಾವು ಅಲ್ಲಿದ್ದ ಕಾರಿನ ಬಾನೆಟ್ಟಿನ ಮೇಲೆ ನೆಟ್ಟಗೆ ನಿಂತು ಥಳಥಳ ಹೊಳೆಯಿತು. ರಾಮಕೃಷ್ಣ ಅದರಲ್ಲಿ ತನ್ನ ಮುಖ ನೋಡಿಕೊಂಡ. ಒಂದು ವರ್ಷದಿಂದ ಇಲ್ಲದ ತಣ್ಣನೆ ಗಾಳಿ ಅವನ ಹೊಟ್ಟೆಯೊಳಗೆ ಬೀಸಿತು.

ಮೇ ಒಂದರ ಸಂಜೆ ಕಾಮನ್ ಪ್ಲಾಟಿನಲ್ಲಿ ಪೆಂಡಾಲು, ದೀಪದ ಸರ, ಮೈಕು. ಸೂರತ್ತಿನ ಕತಾರ್‌ಗಾಮ್‌ನಿಂದ ಗಿರಿಜಮ್ಮನೂ ಕೃಪಾಳೂ ಮಧ್ಯಾಹ್ನದ ರೈಲಿಗೆ ಬಂದಿಳಿದಿದ್ದರು. ಗಿರಿಜಮ್ಮನನ್ನು ಮುಂದಿನ ಸಾಲಿನ ಸೋಫಾದಲ್ಲಿ ಕೂರಿಸಿದ್ದರು. ಕೃಪಾ ಪಕ್ಕದಲ್ಲಿ ಕೂತು ಬೀಸಣಿಗೆಯಂತೆ ಸುತ್ತಲೂ ಕಣ್ಣು ಆಡಿಸುತ್ತಿದ್ದಳು. "ಅರೆಪಾವು ಎಲ್ಲಿ?" ಎಂದು ಇಳಿದಾಗಿನಿಂದ ನಾಲ್ಕು ಸಲ ಕೇಳಿದ್ದಳು.

ಹುರಿದ ಧನಿಯಾ, ಮೆಣಸಿನಕಾಯಿಯನ್ನು ಮನೆಯಿಂದಲೇ ತಂದು, ಒಲೆ, ಬಾಣಲೆ, ಮಿಕ್ಸಿ ಎಲ್ಲ ಜೋಡಿಸಿಕೊಂಡು ಇಂದುಮತಿ ಮೇಜಿನ ಹಿಂದೆ ನಿಂತಳು. ರಾಮಕೃಷ್ಣ ರೇಷ್ಮೆ ಬಟ್ಟೆ ಮುಚ್ಚಿದ ತಟ್ಟೆಯನ್ನು ಎರಡೂ ಕೈಯಲ್ಲಿ ಹಿಡಿದು ಮದುವಣಗಿತ್ತಿಯ ಸೋದರಮಾವನ ಗತ್ತಿನಲ್ಲಿ ಬಂದ. ಬಟ್ಟೆ ಸರಿಸಿದ. ದೀಪದ ಬೆಳಕು ಅರೆಪಾವಿನ ಮೇಲೆ ಬಿದ್ದು ಹಸ್ಮುಖ್‌ಭಾಯ್ ಕಣ್ಣಿಗೆ ಹೊಡೆಯಿತು.

ಎಲ್ಲರೂ ಆಹಾ ಎಂದರು. ಇಂದುಮತಿ ಮಾತ್ರ ಅದನ್ನು ಒಂದು ಸಲ ತಿರುಗಿಸಿ ನೋಡಿದಳು. ಗಂಡ ಹಳೆಯದನ್ನು ಎಲ್ಲೋ ಇಟ್ಟು ಮೇಲಿನ ಮನೆಯವರ ಮೇಲಿನ ಜಿದ್ದಿಗೆ ಅಂಗಡಿಯಿಂದ ಹೊಸದು ತಂದಿದ್ದಾನೆ ಎಂದುಕೊಂಡಳು. ಎಂಬತ್ತು ಜನರ ಮುಂದೆ ಕೇಳುವುದು ಹೇಗೆ? ಅರೆಪಾವು ಅರೆಪಾವೇ ತಾನೆ ಎಂದು ಸಮಾಧಾನ ಮಾಡಿಕೊಂಡು ಮೆಂತ್ಯ ತುಂಬಿದಳು. ಕೈ ಒಂದು ಕ್ಷಣ ತಡೆಯಿತು. ಯಾಕೋ ಜಾಸ್ತಿ ಹಿಡಿಸಿತು ಅನ್ನಿಸಿತು. ಅಷ್ಟರಲ್ಲಿ ಹಸ್ಮುಖ್‌ಭಾಯ್ ಮೈಕಿನಲ್ಲಿ "ಪಾಂಚ್ ಪೀಢಿ ಕಾ ಮಾಪ್", ಐದು ತಲೆಮಾರಿನ ಅಳತೆ, ಎಂದು ಕೂಗಿ ಎಲ್ಲರಿಂದ ಚಪ್ಪಾಳೆ ಹಾಕಿಸಿದರು. ತಲೆ ಸವರಿ ಎರಡು ಮೆಂತ್ಯ, ತಲೆ ಸವರಿ ಎರಡು ಮೆಣಸು ಬಾಣಲೆಗೆ ಬಿದ್ದವು.

ವರ್ಷದ ಪುಡಿ ಆಯಿತು. ಆ ಪುಡಿಯಲ್ಲಿ ಸಾರೂ ಕುದಿಯಿತು. ಮೊದಲ ಲೋಟ ಚೇರ್ಮನ್‌ರಿಗೆ.

ಹಸ್ಮುಖ್‌ಭಾಯ್ ಊದಿ ಊದಿ ಒಂದು ದೊಡ್ಡ ಗುಟುಕು ಕುಡಿದರು. ಹುಬ್ಬುಗಳು ಹಣೆ ಹತ್ತಿದವು. ಕಣ್ಣಲ್ಲಿ ನೀರು ಬಂತು. ಕೈಯಲ್ಲಿದ್ದ ಮೈಕು ಬಾಯಿಯ ಹತ್ತಿರವೇ ಇದ್ದುದರಿಂದ ಅವರು ನುಂಗಿದ ಸದ್ದು ಫತೇಗಂಜ್ ಸರ್ಕಲ್‌ವರೆಗೂ ಕೇಳಿಸಿತು.

"ಕಡವು ಛೇ" ಎಂದರು ಕೊನೆಗೆ. ಕಹಿಯಾಗಿದೆ ಎಂಬುದು ಆ ಮುಖ ನೋಡಿದ ಯಾರಿಗೂ ಗುಜರಾತಿ ಇಲ್ಲದೆಯೇ ತಿಳಿಯುತ್ತಿತ್ತು.

ಎರಡನೆಯ ಲೋಟ ವೆಂಕಟಾಚಲನ ಕೈಯಲ್ಲಿತ್ತು. ಅವನು ಒಳ್ಳೆಯವನಲ್ಲವೇ, ಪೂರ್ತಿ ಕುಡಿದ. ಕುಡಿದು ರಾಮಕೃಷ್ಣನ ಭುಜ ತಟ್ಟಿ, "ಕೆಮ್ಮಿಗೆ ಬಹಳ ಒಳ್ಳೇದು ಸಾರ್, ನಮ್ಮ ಕಡೇನೂ ಕಷಾಯ ಹೀಗೇ ಮಾಡ್ತಾರೆ" ಎಂದ.

ರಾಮಕೃಷ್ಣನಿಗೆ ಭೂಮಿ ಬಾಯಿಬಿಡಬಾರದೇ ಅನ್ನಿಸಿತು. ಭೂಮಿ ಬಾಯಿ ಬಿಡಲಿಲ್ಲ, ಗಿರಿಜಮ್ಮ ಬಿಟ್ಟರು. ಅವರು ಸೋಫಾದಿಂದ ಎದ್ದು ಬಂದು ಒಂದು ಚಮಚ ಸಾರು ನಾಲಿಗೆಗೆ ಹಚ್ಚಿಕೊಂಡು, ಅರೆಪಾವು ಕೈಗೆತ್ತಿಕೊಂಡು, ಕನ್ನಡಕ ಮೇಲೇರಿಸಿ ನೋಡಿದರು.

"ಇದು ನನ್ನ ಅರೆಪಾವಲ್ಲ."

"ನಾನು ಹೇಳಲಿಲ್ವೇನಮ್ಮ" ಎಂದಳು ಕೃಪಾ. ಹದಿನಾಲ್ಕು ವರ್ಷ ಕಾದಿಟ್ಟಿದ್ದ ಮಾತು ಒಂದೇ ಉಸಿರಿನಲ್ಲಿ ಬಂತು. "ಕಳೆದುಹಾಕಿದ್ದಾರೆ. ಕಳೆದು, ಅಂಗಡೀಲಿ ಹೊಸದು ತಂದು ನಿನ್ನ ಕಣ್ಣಿಗೆ ಮಣ್ಣೆರಚಿದ್ದಾರೆ. ನನ್ನ ಕೈ ಅವಸರದ್ದು ಅಂದೆಯಲ್ಲ, ನೋಡು ಈಗ ತಾಳ್ಮೆ ಕೈ."

ಇಂದುಮತಿಯ ಕಣ್ಣು ತುಂಬಿತು. ಅವಳು ಗಂಡನ ಕಡೆ ತಿರುಗಿದಳು. ಅವನಿಗೆ ಇನ್ನೂ ತಾನು ಮಾಡಿದ್ದೇನೆಂದು ಹೊಳೆದಿರಲಿಲ್ಲ. ಮನೆತನದ ಮಾನ ಉಳಿಸುವ ಉತ್ಸಾಹದಲ್ಲಿ ಎದೆ ಉಬ್ಬಿಸಿ ಮುಂದೆ ಬಂದ.

"ಅದೇ ಅರೆಪಾವು ಅಮ್ಮ. ಅದೇ. ಕಳೆಯೋದುಂಟೆ? ನಾನೇ ಗ್ಯಾರೇಜಿಗೆ ತಗೊಂಡು ಹೋಗಿ ಆ ನೆಗ್ಗು ತೆಗೆಸಿದೆ. ಒಂದು ಗೀರಿಲ್ಲ ನೋಡು."

ಗಿರಿಜಮ್ಮ ಅಲ್ಲೇ ಇದ್ದ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕುಸಿದು ಕೂತರು.

"ನೆಗ್ಗು ತೆಗೆಸಿದೆಯಾ? ನೆಗ್ಗಿಗೇ ಕಣೋ ಆ ರುಚಿ ಬರ್ತಿದ್ದದ್ದು."

"ಅಮ್ಮ ಏನಂತಾರೆ?" ಎಂದು ಹಸ್ಮುಖ್‌ಭಾಯ್ ಮೈಕು ತಂದು ಗಿರಿಜಮ್ಮನ ಬಾಯಿಗೇ ಹಿಡಿದರು. ಅನುವಾದಕ್ಕೆ ವರ್ಷಿಣಿಯನ್ನು ಎಳೆದು ತಂದು ನಿಲ್ಲಿಸಿದರು. ಗಿರಿಜಮ್ಮ ತಮ್ಮ ಅತ್ತೆಯ ಕಾಲದ ಕತೆ ಬಿಚ್ಚಿದರು.

ಅರಸೀಕೆರೆಯ ರೈಲ್ವೆ ಕ್ವಾರ್ಟರ್ಸ್. ರಾಮಕೃಷ್ಣನ ಅಜ್ಜಿಯ ಸಾರು ಆಗೆಲ್ಲ ಹೀಗೇ ಕಹಿ. ಪಾತ್ರೆ ಅವಳ ಅತ್ತೆಯದು, ಅಳತೆಯೂ ಅತ್ತೆಯದು, ಎರಡೆರಡು ಹಾಕಲೇಬೇಕು. ಒಂದು ದಿನ ತಾತ ಪಕ್ಕದ ಕ್ವಾರ್ಟರ್ಸಿನವರು ಕೊಟ್ಟ ಸಾರು ಕುಡಿಯುತ್ತ ಅಡುಗೆಮನೆ ಬಾಗಿಲಲ್ಲಿ ನಿಂತು, 'ಸಾರು ಅಂದ್ರೆ ಇದು ಕಣೆ' ಎಂದರಂತೆ. ಅಜ್ಜಿಯ ಕೈಯಲ್ಲಿ ಇದ್ದದ್ದು ಈ ಅರೆಪಾವು. ಬೀಸಿದಳು. ತಾತ ಬಗ್ಗಿದರು. ಅರೆಪಾವು ಬಾಗಿಲ ಚೌಕಟ್ಟಿನ ಮೂಲೆಗೆ ಬಡಿದು ನೆಗ್ಗಿತು. ಆ ವರ್ಷದ ಪುಡಿಯಿಂದ ಸಾರು ಅಮೃತ. ಅಲ್ಲಿಂದಾಚೆಗೆ ಕಲಾಯಿಯವನು ಬೀದಿಗೆ ಬಂದರೆ ಅಜ್ಜಿ ಅರೆಪಾವನ್ನು ಸೆರಗಿನಲ್ಲಿ ಮುಚ್ಚಿಕೊಂಡು ಕೂರುತ್ತಿದ್ದಳು.

"ಐದು ತಲೆಮಾರಂತೆ" ಎಂದರು ಗಿರಿಜಮ್ಮ. "ಆ ನೆಗ್ಗಿಗೆ ಮುಂಚಿನವರೆಲ್ಲ ಮೂಗು ಮುಚ್ಕೊಂಡು ಕುಡಿದಿದ್ದು. ನಿಂಗೆ ಬೇಕಾಗಿದ್ದದ್ದು ಅದೇನು?"

ವರ್ಷಿಣಿಗೆ ಕತೆಯಲ್ಲಿ ಅರ್ಧ ತಿಳಿಯಿತು. ತಿಳಿದ ಅರ್ಧವನ್ನು ಗುಜರಾತಿಯಲ್ಲಿ ಹೇಳಿದಳು: ದೊಡ್ಡಜ್ಜ ಪಕ್ಕದ ಮನೆಯವರನ್ನು ಹೊಗಳಿದರು, ದೊಡ್ಡಜ್ಜಿ ಪಾತ್ರೆ ಎಸೆದರು. ಪೆಂಡಾಲಿನ ಹೆಂಗಸರೆಲ್ಲ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಅಂದಿನ ಬಹುಮಾನ ಕೊನೆಗೆ ರುಕ್ಮಿಣಿಗೆ ಹೋಯಿತು. ಆದರೆ ಚಪ್ಪಾಳೆ ಅರಸೀಕೆರೆಯ ಅಜ್ಜಿಗೇ ಹೆಚ್ಚು.

ರಾಮಕೃಷ್ಣನಿಗೆ ಆ ಬಹುಮಾನ ನೋಡುವ ಶಕ್ತಿಯೂ ಇರಲಿಲ್ಲ. ಮನೆಗೆ ಬಂದೊಡನೆ ಗಿರಿಜಮ್ಮ ತೀರ್ಪು ಕೊಟ್ಟರು.

"ನಾವು ಸೋಮವಾರ ಬೆಳಿಗ್ಗೆ ರೈಲಿಗೆ ಹೋಗ್ತೀವಿ. ಅಷ್ಟರೊಳಗೆ ಅಳತೆ ಮೊದಲಿನ ಹಾಗಾದ್ರೆ ಸರಿ. ಇಲ್ಲದಿದ್ರೆ ಅರೆಪಾವು ಕೃಪಾ ಜೊತೆ ಬರುತ್ತೆ. ನಿಮ್ಮ ಮನೇಲಿದ್ರೆ ನಾಳೆ ಅದಕ್ಕೆ ಪೇಂಟೂ ಹೊಡೆಸ್ತೀರಿ."

ಕೃಪಾ ಆಗಲೇ ತನ್ನ ಬ್ಯಾಗಿನಲ್ಲಿ ಅರೆಪಾವಿನಷ್ಟು ಜಾಗ ಮಾಡಿಕೊಂಡಳು.

ಇಂದುಮತಿ ಗಂಡನೊಡನೆ ಮಾತು ಬಿಟ್ಟಳು. ಅಳಲಿಲ್ಲ, ಬೈಯಲಿಲ್ಲ. "ವರ್ಷಿಣಿ, ನಿಮ್ಮಪ್ಪನಿಗೆ ಊಟಕ್ಕೆ ಬಾ ಅನ್ನು" ಎಂದು ಅವನ ಎದುರಿಗೇ ಹೇಳಿದಳು. ಊಟಕ್ಕೆ ಅದೇ ಸಾರು. ಎರಡೂವರೆ ಕಿಲೋ ಪುಡಿಯನ್ನು ಯಾರಾದರೂ ಮುಗಿಸಬೇಕಲ್ಲ.

ಮರುದಿನ ಶನಿವಾರ. ರಾಮಕೃಷ್ಣ ಗ್ಯಾರೇಜಿಗೆ ಓಡಿದ.

"ಇಸ್ಮಾಯಿಲ್‌ಭಾಯ್, ಆ ನೆಗ್ಗು ವಾಪಸ್ ಬೇಕು."

ಇಸ್ಮಾಯಿಲ್‌ಭಾಯ್ ಚಹಾ ಲೋಟ ಕೆಳಗಿಟ್ಟರು. "ಸಾಹೇಬ್ರೇ, ಮೂವತ್ತು ವರ್ಷದಲ್ಲಿ ಯಾರೂ ಇದನ್ನ ಕೇಳಿರಲಿಲ್ಲ. ತೆಗೆಯೋದು ನನ್ನ ಕೆಲಸ, ಹಾಕೋದು ಮೇಲಿನವನದ್ದು. ಅವನ ಕೆಲಸಕ್ಕೆ ನಾನು ಕೈ ಹಾಕಲ್ಲ."

ಮೇಲಿನವನು ಎಂದ ಕೂಡಲೇ ರಾಮಕೃಷ್ಣನಿಗೆ ಮೂರನೆಯ ಮಹಡಿ ನೆನಪಾಗಿ ಮತ್ತೆ ಮೈ ಉರಿಯಿತು. ಸುತ್ತಿಗೆ ತಾನೇ ಕಿತ್ತುಕೊಂಡು ಒಂದು ಏಟು ಹಾಕಿದ. ಅರೆಪಾವಿನ ಬಾಯಿ ಮೊಟ್ಟೆಯಾಕಾರಕ್ಕೆ ತಿರುಗಿತು. ಇಸ್ಮಾಯಿಲ್‌ಭಾಯ್ ಅಯ್ಯೋ ಪಾಪ ಎಂದು ಅದನ್ನು ಮತ್ತೆ ಮೊದಲಿನ ಹಾಗೆ ನೆಟ್ಟಗೆ ಮಾಡಿ ಕೈಗಿತ್ತು, ಮನೆಯವರ ಆರೋಗ್ಯ ವಿಚಾರಿಸಿ ಕಳಿಸಿದರು.

ಅರೆಪಾವು ಮನೆಗೆ ಬಂದ ಮೇಲೆ ಇಂದುಮತಿ ಹೊಸದಾಗಿ ಧನಿಯಾ ಹುರಿದು ಚಿಕ್ಕ ಚಿಕ್ಕ ಅಳತೆಯಲ್ಲಿ ಪುಡಿ ಮಾಡಿ ನೋಡುತ್ತಿದ್ದಳು. ಅರೆಪಾವಿನ ಮುಕ್ಕಾಲಿಗೆ ಮೆಂತ್ಯ ಹಾಕಿದರೆ ಕಹಿ. ಅರ್ಧಕ್ಕೆ ಹಾಕಿದರೆ ಸಪ್ಪೆ. ಎರಡರ ನಡುವೆ ಎಲ್ಲೋ ಆ ಹಳೆಯ ರುಚಿ ಅಡಗಿ ಕೂತಿತ್ತು. ಗಿರಿಜಮ್ಮ ಪ್ರತಿ ಸಲ ನಾಲಿಗೆಗೆ ಹಚ್ಚಿಕೊಂಡು ಅಲ್ಲ ಎಂದು ತಲೆ ಆಡಿಸುತ್ತಿದ್ದರು. ಮನೆಯ ಸ್ಟೀಲ್ ಪಾತ್ರೆಗಳೆಲ್ಲ ಸಾರು ತುಂಬಿಕೊಂಡು ಸೋಫಾದ ತನಕ ಸಾಲುಗಟ್ಟಿದವು.

"ಅಜ್ಜಿ, ಗ್ರಾಂನಲ್ಲಿ ಬೋಲೋ ನಾ, ಹೌ ಮೆನಿ ಗ್ರಾಂ?" ಎಂದು ವರ್ಷಿಣಿ ಅಡುಗೆಮನೆಯ ಪುಟ್ಟ ತಕ್ಕಡಿ ತಂದಳು.

"ಗ್ರಾಂ ಯಾರ ಮನೆ ಸೊಸೆ? ನಂಗೆ ಅವಳ ಪರಿಚಯ ಇಲ್ಲ" ಎಂದರು ಗಿರಿಜಮ್ಮ.

ಭಾನುವಾರ ಬಂತು. ಹನ್ನೊಂದೂವರೆ. ಚಪ್ಪಲಿಯ ಸದ್ದು ಎರಡನೆಯ ಮಹಡಿ ದಾಟಿ ಮೇಲೆ ಹೋಯಿತು. ಮೊದಲ ಸಲ ಇಂದುಮತಿಯೂ ಒಗ್ಗರಣೆ ಸೌಟು ಹಿಡಿದ ಕೈ ನಿಲ್ಲಿಸಿ ಆ ಸದ್ದಿಗೆ ಕಿವಿಗೊಟ್ಟಳು. ರಾಮಕೃಷ್ಣ ಅದನ್ನು ಗಮನಿಸಲಿಲ್ಲ. ಎರಡು ದಿನದಿಂದ ಕಹಿಸಾರು ಉಂಡು ಅವನ ಕಣ್ಣು ಮಂಜಾಗಿತ್ತು. ಇನ್ನೊಂದು ರಾತ್ರಿ ಕಳೆದರೆ ಅರೆಪಾವು ಸೂರತ್ತಿಗೆ. ಹೋದರೆ ಇಂದುಮತಿ ಜನ್ಮಪೂರ್ತಿ ವರ್ಷಿಣಿಯ ಮೂಲಕವೇ ಮಾತಾಡುತ್ತಾಳೆ ಎಂಬುದು ಅವನಿಗೆ ಖಾತ್ರಿಯಾಗಿತ್ತು.

ಕರೆಗಂಟೆ ಸದ್ದಾಯಿತು. ವೆಂಕಟಾಚಲ ಮುಚ್ಚಿದ ಡಬ್ಬಿ ಹಿಡಿದು ನಿಂತಿದ್ದ.

"ತಪ್ಪು ತಿಳೀಬೇಡಿ ಸಾರ್. ಎರಡು ದಿನದಿಂದ ನಿಮ್ಮ ಮನೇಲಿ ಪ್ರಯೋಗ ನಡೀತಿದೆ ಅಂತ ಗೊತ್ತಾಯ್ತು. ಊಟಕ್ಕೆ ಕಷ್ಟ ಆಗ್ತಿರುತ್ತೆ. ರುಕ್ಮಿಣಿ ಸ್ವಲ್ಪ ಸಾರು ಕಳಿಸಿದಾಳೆ."

ಬೇರೆ ದಿನವಾಗಿದ್ದರೆ ರಾಮಕೃಷ್ಣ ಹೊಟ್ಟೆ ಸರಿಯಿಲ್ಲ ಎನ್ನುತ್ತಿದ್ದ. ಇವತ್ತು ಹೊಟ್ಟೆಯೇ ಕೈ ಚಾಚಿ ಡಬ್ಬಿ ಇಸಿದುಕೊಂಡಿತು. ವೆಂಕಟಾಚಲನನ್ನು ಒಳಗೆ ಕೂರಿಸುವ ಮರ್ಯಾದೆಯನ್ನೂ ಮರೆತು, ಒಂದು ಲೋಟಕ್ಕೆ ಬಗ್ಗಿಸಿಕೊಂಡು, ಅಡುಗೆಮನೆಯ ಬಾಗಿಲ ಗ್ರಾನೈಟ್ ಚೌಕಟ್ಟಿಗೆ ಒರಗಿ ಒಂದು ಗುಟುಕು ಕುಡಿದ. ಇನ್ನೊಂದು ಕುಡಿದ. ಬಿಸಿ ಬಿಸಿ, ಹುಳಿ ಖಾರ ಎರಡೂ ಹದವಾಗಿ, ಇಂಗಿನ ಘಮ ಮೂಗಿಗೆ ಏರಿತು. ಒಂದು ವರ್ಷ ಹೊಟ್ಟೆಯಲ್ಲಿ ಸಾಕಿಕೊಂಡಿದ್ದ ಕಿಚ್ಚೆಲ್ಲ ಆ ಸಾರಿನಲ್ಲಿ ನಂದಿಹೋಯಿತು. ಅವನ ಬಾಯಿಂದ ಮಾತು ತಾನಾಗಿ ಹೊರಟಿತು.

"ಸಾರು ಅಂದ್ರೆ ಇದು ಕಣೆ, ಇಂದೂ."

ಇಂದುಮತಿ ಒಲೆಯ ಮುಂದೆ ಹತ್ತೊಂಬತ್ತನೆಯ ಸಾರಿಗೆ ಮೆಂತ್ಯ ಅಳೆಯುತ್ತಿದ್ದಳು. ಎರಡು ದಿನದಿಂದ ಬೆಂಕಿಯ ಮುಂದೆ ನಿಂತ ಮುಖ. ಅವಳು ನಿಧಾನವಾಗಿ ತಿರುಗಿದಳು.

"ಏನಂದ್ರಿ?"

ಎರಡು ದಿನಗಳಲ್ಲಿ ಹೆಂಡತಿ ನೇರವಾಗಿ ಆಡಿದ ಮೊದಲ ಮಾತು. ಆ ಸಂತೋಷಕ್ಕೆ ರಾಮಕೃಷ್ಣ ಕರಗಿಹೋದ. "ರುಕ್ಮಿಣಿಯವರ ಕೈ ಅಂದ್ರೆ ಕೈ. ಹಸ್ಮುಖ್‌ಭಾಯ್ ಯಾಕೆ ಮೇಲೆ ಹೋಗ್ತಾರೆ ಅಂತ ಇವತ್ತು ಗೊತ್ತಾಯ್ತು ನೋಡು" ಎಂದ.

ಅರೆಪಾವು ಇಂದುಮತಿಯ ಕೈಯಿಂದ ಹೊರಟದ್ದನ್ನು ಯಾರೂ ನೋಡಲಿಲ್ಲ. ಮೆಂತ್ಯದ ಕಾಳುಗಳು ಅಡುಗೆಮನೆಯ ತುಂಬ ಆಲಿಕಲ್ಲಿನಂತೆ ಸುರಿದವು. ರಾಮಕೃಷ್ಣ ತಾತನ ಮೊಮ್ಮಗನೇ ತಾನೆ, ಬಗ್ಗಿದ. ಠಣ್ ಎಂದು ಅರೆಪಾವು ಗ್ರಾನೈಟಿನ ಮೂಲೆಗೆ ಬಡಿದು, ವೆಂಕಟಾಚಲನ ಕಾಲ ಬುಡಕ್ಕೆ ಉರುಳಿಕೊಂಡು ಹೋಗಿ ನಿಂತಿತು. ವೆಂಕಟಾಚಲ ಅಭ್ಯಾಸಬಲದಿಂದ ಗೋಡೆಗೆ ಆತು ಅದಕ್ಕೆ ದಾರಿ ಬಿಟ್ಟ.

ಇಂದುಮತಿ ತನ್ನ ಕೈಯನ್ನು ತಾನೇ ನೋಡಿಕೊಳ್ಳುತ್ತ ನಿಂತಳು. "ನನಗೇನೂ ಹೊಟ್ಟೆಕಿಚ್ಚಿಲ್ಲ" ಎಂದಳು, ಯಾರೂ ಕೇಳದಿದ್ದರೂ. ಬ್ಯಾಗಿನ ಜಿಪ್ಪು ಹಿಡಿದುಕೊಂಡು ಕೂತಿದ್ದ ಕೃಪಾ ಹಾಗೇ ಕೂತಳು.

ಗಿರಿಜಮ್ಮ ಎದ್ದು ಬಂದರು. ಮಗನನ್ನು ನೋಡಲಿಲ್ಲ, ಸೊಸೆಯನ್ನೂ ನೋಡಲಿಲ್ಲ. ಮೊಣಕಾಲು ಹಿಡಿದುಕೊಂಡು ಬಗ್ಗಿ ಅರೆಪಾವು ಎತ್ತಿ, ಸೆರಗಿನಿಂದ ಒರೆಸಿ ಮೇಜಿನ ಮೇಲಿಟ್ಟರು. ಅದು ಒಂದು ಕಡೆಗೆ ವಾಲಿಕೊಂಡು ಕೂತಿತು. ಗಿರಿಜಮ್ಮ ಪಕ್ಕೆಯ ನೆಗ್ಗಿಗೆ ಹೆಬ್ಬೆರಳು ಇಟ್ಟು ಒತ್ತಿ ನೋಡಿದರು. ಕಣ್ಣು ಮುಚ್ಚಿ ಇನ್ನೊಂದು ಸಲ ಒತ್ತಿ ನೋಡಿದರು. ಅವರ ಮುಖ ಅರಳಿತು.

"ಜಾಗ ಸರಿಯಾಗಿದೆ" ಎಂದರು. "ಆಳ ಒಂದು ಚೂರು ಸಾಲದು."

ಅರೆಪಾವನ್ನು ಸೊಸೆಯ ಕೈಯಲ್ಲಿಟ್ಟು, ಅವಳ ಬೆರಳುಗಳನ್ನು ಅದರ ಸುತ್ತ ಮಡಚಿ, ಮಗನ ಕಡೆ ತಿರುಗಿದರು.

"ರಾಮು, ಅಲ್ಲಿಂದ ಅಲ್ಲಾಡಬೇಡ. ಆ ಸಾರು ಹೇಗಿತ್ತು ಅಂದೆ, ಇನ್ನೊಂದು ಸಲ ಹೇಳು."